ದಾರಿ ಹೇಳುವವಳು

ಕಬ್ಬಿಣದ ಮೇಲೆ ನೀರು ಬಡಿಯುವ ಸದ್ದು ಕೇಳಿದರೆ ನಮ್ಮ ಬೀದಿಗೆ ಸಂಜೆಯಾಯಿತು. ಉಪ್ಪಿನ ಬಯಲಿನಿಂದ ಮರಳಿದ ಜೀಪುಗಳನ್ನು ಉಯುನಿ ಊರಿನ ಈ ಕೊನೆಗೆ ತಂದು, ಗುಂಡಿಯ ಮೇಲೆ ನಿಲ್ಲಿಸಿ, ಕೆಳಗಿನಿಂದ ಕೊಳವೆ ಹಿಡಿಯುತ್ತಾರೆ. ಗಾಡಿಯ ಹೊಟ್ಟೆಗೆ ಅಂಟಿ ಗಟ್ಟಿಯಾದ ಉಪ್ಪು ಮೊದಲು ಸಣ್ಣಗೆ ಬಿರಿಯುತ್ತದೆ, ಆಮೇಲೆ ಹಲಗೆ ಹಲಗೆಯಾಗಿ ಬೀಳುತ್ತದೆ. ಬೀಳಿಸದೆ ಬಿಟ್ಟರೆ ಅದು ಗಾಡಿಯ ಎಲುಬನ್ನೇ ತಿನ್ನುತ್ತದೆ. ಆ ತೊಳೆಯುವ ಅಂಗಳಕ್ಕೂ ಸೆವೆರಿನಾ ಕೊಲ್ಕೆಯ ಮನೆಗೂ ನಡುವೆ ಒಂದೇ ಮಣ್ಣಿನ ಗೋಡೆ. ಗೋಡೆಯ ಬುಡ ಉಪ್ಪುನೀರು ಹೀರಿ ಬೆಳ್ಳಗಾಗಿದೆ. ಎಷ್ಟು ಸಲ ಮೆತ್ತಿದರೂ ಮಣ್ಣು ನಿಲ್ಲುವುದಿಲ್ಲ.

ಸೆವೆರಿನಾ ಪ್ರವಾಸದ ಗಾಡಿಯ ಅಡುಗೆಯವಳು. ಅವಳ ಗಂಡ ಪ್ಲಾಸಿದೊ ಯುಕ್ರಾ ಅದೇ ಗಾಡಿಯ ಚಾಲಕ. ಮೂರು ದಿನದ ಸುತ್ತು: ಉಪ್ಪಿನ ಬಯಲು, ಅದರಾಚೆ ಬಣ್ಣದ ಕೆರೆಗಳು, ಕಲ್ಲು ಮರಳಿನ ಬೆಂಗಾಡು, ಬಿಸಿನೀರಿನ ಬುಗ್ಗೆ, ಕೊನೆಗೆ ಚಿಲಿ ದೇಶದ ಗಡಿ. ಗಡಿಯಲ್ಲಿ ಪ್ರವಾಸಿಗರನ್ನು ಇಳಿಸಿ ಖಾಲಿ ಗಾಡಿಯಲ್ಲಿ ಊರಿಗೆ ಬರುವುದು. ಗಾಡಿಯ ತಲೆಯ ಮೇಲೆ ಗ್ಯಾಸ್ ಸಿಲಿಂಡರು, ಡೀಸೆಲ್ ಡಬ್ಬ, ಆಲೂಗಡ್ಡೆ ಮೂಟೆ. ಒಳಗೆ ಸೆವೆರಿನಾಳ ಕಾಲಡಿಯಲ್ಲಿ ಕಿನ್ವಾ ಕಾಳಿನ ಗಂಜಿಯ ಪಾತ್ರೆ, ಅಲುಗದಂತೆ ಕಂಬಳಿ ಸುತ್ತಿ.

ಅಡುಗೆಯವರು ಸಾಮಾನ್ಯವಾಗಿ ಹಿಂದೆ, ಗಂಟುಮೂಟೆಯ ಮಧ್ಯೆ ಕೂರುತ್ತಾರೆ. ಮುಂದಿನ ಸೀಟಿಗೆ ಪ್ರವಾಸಿಗರು ಜಗಳ ಆಡುವಷ್ಟು ಬೇಡಿಕೆ. ಆದರೆ ಸೆವೆರಿನಾ ಆ ಸೀಟನ್ನು ಯಾರಿಗೂ ಬಿಟ್ಟವಳಲ್ಲ. ಹಿಂದೆ ಕೂತರೆ ವಾಂತಿಯಾಗುತ್ತದೆ ಎನ್ನುತ್ತಿದ್ದಳು. ಉಪ್ಪಿನ ಆಚೆ ದಡದ ಹಳ್ಳಿಯಲ್ಲಿ ಹುಟ್ಟಿ, ಅಪ್ಪನ ಲಾಮಾ ಹಿಂಡಿನ ಬೆನ್ನಿಗೆ ಕಣಿವೆಯವರೆಗೆ ನಡೆದು ಬೆಳೆದವಳಿಗೆ ಯಾವ ವಾಂತಿ, ಎಂದು ನಾವು ನಗುತ್ತಿದ್ದೆವು. ಉಪ್ಪು ಕೊಟ್ಟು ಮೆಕ್ಕೆಜೋಳ ತರುವ ಆ ಕಾಲದಲ್ಲಿ ಹಿಂಡಿನ ಮುಂದಿರುವವನು ದಾರಿಯನ್ನು ಗಟ್ಟಿಯಾಗಿ ಹೇಳುತ್ತ ನಡೆಯಬೇಕಿತ್ತು. ಎದುರಾಗುವ ಪ್ರತಿ ಬೆಟ್ಟವನ್ನೂ ಅಜ್ಜ ಎಂದು ಕರೆದು, ಈಗ ನಿನ್ನ ಎಡಕ್ಕೆ ಬಂದೆವು, ಈಗ ನಿನ್ನ ಬೆನ್ನಿಗೆ ಹೋಗುತ್ತೇವೆ ಎಂದು ತಿಳಿಸಬೇಕು. ಹೇಳದೆ ದಾಟಿದರೆ ಬೆಟ್ಟಕ್ಕೆ ಸಿಟ್ಟು. ಅಪ್ಪನ ಎದೆ ಕಟ್ಟಿದ ಮೇಲೆ ಆ ಕೆಲಸವನ್ನು ಮಾಡಿದ್ದು ಹುಡುಗಿ ಸೆವೆರಿನಾಳೇ.

ಪ್ಲಾಸಿದೊನ ಕಣ್ಣು ಕೆಟ್ಟದ್ದು ಯಾವಾಗ ಎಂದು ಅವನಿಗೂ ಗೊತ್ತಿರಲಿಲ್ಲ. ಉಪ್ಪಿನ ಬಿಳುಪಿನಲ್ಲಿ ಹರೆಯದಿಂದ ಓಡಿಸಿದವನು. ಕಪ್ಪು ಕನ್ನಡಕ ಹಾಕುವುದು ಪ್ರವಾಸಿಗರ ಷೋಕಿ ಎಂದು ತಿಳಿದಿದ್ದ. ಮೊದಲು ಕಣ್ಣಿನ ಮೂಲೆಯಿಂದ ಮಾಂಸದ ಎಳೆಯೊಂದು ಬೆಳೆಯಿತು. ನಮ್ಮಲ್ಲಿ ಅರ್ಧ ಗಂಡಸರಿಗೆ ಅದಿದೆ. ಅದರ ಹಿಂದೆ, ಯಾರಿಗೂ ಕಾಣದಂತೆ, ಪೊರೆ ಬಂತು. ಮುಸ್ಸಂಜೆಯಲ್ಲಿ, ಮೋಡದಲ್ಲಿ ಚೆನ್ನಾಗಿಯೇ ಕಾಣುತ್ತಿತ್ತು. ಬಿಸಿಲು ಗಾಜಿಗೆ ಹೊಡೆದರೆ ಮಾತ್ರ ಎದುರಿನದೆಲ್ಲ ಹಾಲು ಚೆಲ್ಲಿದಂತೆ.

"ಬಲಗಡೆ ಗಾಡಿ," ಎಂದಳು ಸೆವೆರಿನಾ ಒಂದು ದಿನ, ಅವನು ಸ್ಟೇರಿಂಗ್ ತಿರುಗಿಸದಿದ್ದುದನ್ನು ಕಂಡು.

"ಎಲ್ಲಿ?"

"ಎಲ್ಲಿ ಅಂತ ಕೇಳ್ತೀಯಲ್ಲೋ ಮುದುಕಾ. ಮೂಗಿನ ಮುಂದೆ!"

ಅಂದಿನಿಂದ ಅವಳು ಮತ್ತೆ ದಾರಿ ಹೇಳತೊಡಗಿದಳು. ಕೆಚ್ವಾ ಭಾಷೆಯಲ್ಲಿ, ಮನೆಯ ಮಾತಿನ ಧಾಟಿಯಲ್ಲಿ. "ಎಡಕ್ಕೆ. ಇನ್ನೂ ಎಡಕ್ಕೆ. ಕಲ್ಲಿದೆ. ನೀರು ಆಳ ಇಲ್ಲ, ಹೋಗು. ಎದುರಿಂದ ಧೂಳು ಬರ್ತಿದೆ, ನಿಧಾನ." ಹಿಂದೆ ಕೂತವರಿಗೆ ಅದು ಗಂಡ ಹೆಂಡಿರ ಸಂಸಾರದ ಗೊಣಗಾಟ. ಕೆಲವರು ಅದನ್ನು ಮೊಬೈಲಿನಲ್ಲಿ ಹಿಡಿದುಕೊಳ್ಳುತ್ತಿದ್ದರು, ಎಷ್ಟು ಇಂಪಾಗಿದೆ ಎಂದು.

ಚಾಲಕರ ನಡುವೆ ಇದೊಂದು ತಮಾಷೆಯೇ ಆಗಿತ್ತು. "ಪ್ಲಾಸಿದೊ ಗಾಡಿಗೆ ಎರಡು ಇಂಜಿನ್ನು ಕಣ್ರೋ," ಎನ್ನುತ್ತಿದ್ದ ಎವರಿಸ್ತೊ. "ಒಂದು ಬಾನೆಟ್ ಕೆಳಗೆ, ಇನ್ನೊಂದು ಪಕ್ಕದ ಸೀಟಲ್ಲಿ. ಕೆಳಗಿಂದು ಆಗಾಗ ಕೆಡುತ್ತೆ. ಪಕ್ಕದ್ದು ಯಾವತ್ತೂ ಕೆಟ್ಟಿಲ್ಲ!"

"ನಿನ್ನ ಗಾಡಿಗೆ ಇರೋದು ಒಂದೇ, ಅದೂ ತಳ್ಳಿದ್ರೆ ಮಾತ್ರ," ಎಂದು ಸೆವೆರಿನಾ ತಿರುಗಿಸಿ ಹೇಳುತ್ತಿದ್ದಳು.

ಎವರಿಸ್ತೊ ಅವರ ಮಗಳ ಜ್ಞಾನಸ್ನಾನಕ್ಕೆ ಧರ್ಮತಂದೆಯಾಗಿ ನಿಂತವನು. ಅಂದಿನಿಂದ ಗಂಡಸರಿಬ್ಬರೂ ಪರಸ್ಪರ ಕೊಂಪಾದ್ರೆ. ಸೆವೆರಿನಾ ಮತ್ತು ಎವರಿಸ್ತೊನ ಹೆಂಡತಿ ತೆಯೊದೊಸಿಯಾ ಕೊಮಾದ್ರೆಯರು. ನಮ್ಮಲ್ಲಿ ಅದು ರಕ್ತದ ನಂಟಿಗಿಂತ ಒಂದು ಗೇಣು ಮೇಲೆ.

"ಕಣ್ಣಿನ ವಿಷಯ ಕೊಂಪಾದ್ರೆಗಾದ್ರೂ ಹೇಳೋಣ," ಎಂದಿದ್ದಳು ಸೆವೆರಿನಾ.

"ಅವನ ಬಾಯಲ್ಲಿ ಮಾತು ನಿಲ್ಲುತ್ತಾ? ನಾಳೆ ಇಡೀ ಊರಿಗೆ ಗೊತ್ತಾಗುತ್ತೆ. ನಾಡಿದ್ದು ಗಾಡಿ ಮನೆ ಮುಂದೆ ನಿಂತಿರುತ್ತೆ. ಈ ಹಂಗಾಮು ಮುಗೀಲಿ. ಪೊತೊಸಿಗೆ ಹೋಗಿ ಕಣ್ಣು ಕೊಯ್ಸ್ಕೊಂಡು ಬರ್ತೀನಿ."

ಹಂಗಾಮು ಮುಗಿಯಿತು. ಆಸ್ಪತ್ರೆಯ ಮಾತು ಬಂದಾಗಲೆಲ್ಲ ಪ್ಲಾಸಿದೊ ಎದ್ದು ಇಂಜಿನ್ನಿನಲ್ಲಿ ಏನೋ ಬಿಚ್ಚಲು ಹೋಗುತ್ತಿದ್ದ. ಅವನ ಅಣ್ಣನ ಕಣ್ಣು ಕೊಯ್ದ ಮೇಲೆ ಪೂರಾ ಹೋಗಿತ್ತು. ಮತ್ತೊಂದು ಹಂಗಾಮು ಬಂತು.

ಆ ಸಲದ ಪ್ರವಾಸದಲ್ಲಿ ಫ್ರಾನ್ಸಿನ ಇಬ್ಬರು ಹುಡುಗರಿದ್ದರು, ಮತ್ತು ಸ್ಪೇನಿನಿಂದ ಬಂದ ಅಜ್ಜಿ ಮೊಮ್ಮಗಳು. ಅಜ್ಜಿಯ ಹೆಸರು ಅಮಾಲಿಯಾ. ತೆಳು ಬೂದು ಕೋಟು, ತುಟಿಗೆ ಬಣ್ಣ, ಸ್ಪೇನಿನವರಂತೆ ನಾಲಗೆ ಹಲ್ಲಿಗೆ ತಾಗಿಸಿ ಮಾತು. ಮೊದಲ ದಿನವೆಲ್ಲ ಆಕೆ ಉಪ್ಪನ್ನೂ ನೋಡಲಿಲ್ಲ, ಮುಳ್ಳುಕಳ್ಳಿ ತುಂಬಿದ ದ್ವೀಪವನ್ನೂ ನೋಡಲಿಲ್ಲ. ಸೆವೆರಿನಾಳ ಬೆನ್ನ ಹಿಂದೆಯೇ ಕೂತು ಅವಳ ಜಡೆಗಳನ್ನು ನೋಡುತ್ತಿದ್ದಳು.

ಎರಡನೆಯ ದಿನ ಮಧ್ಯಾಹ್ನ, ನಾರುವ ಕೆರೆಯ ದಡದಲ್ಲಿ ಊಟಕ್ಕೆ ನಿಂತರು. ಹುಡುಗರೂ ಮೊಮ್ಮಗಳೂ ರಾಜಹಂಸಗಳ ಚಿತ್ರ ತೆಗೆಯಲು ಹೋದರು. ಪ್ಲಾಸಿದೊ ಟೈರಿಗೆ ಒದ್ದು ಗಾಳಿ ನೋಡುತ್ತಿದ್ದ. ಸೆವೆರಿನಾ ಗಂಜಿ ಬಡಿಸುತ್ತ ಅಜ್ಜಿಯ ಮುಂದೆ ಬಂದಾಗ, ಆ ಬಣ್ಣದ ತುಟಿ ಕೆಚ್ವಾದಲ್ಲಿ ಕೇಳಿತು:

"ನಿನ್ನ ಗಂಡನಿಗೆ ಯಾವಾಗಿಂದ ಕಣ್ಣು ಕಾಣಲ್ಲ ಮಗಳೇ?"

ಸೌಟು ಪಾತ್ರೆಯಲ್ಲೇ ನಿಂತಿತು. "ನಿಮಗೆ ನಮ್ಮ ಮಾತು ಬರುತ್ತಾ ತಾಯಿ?"

"ಇದೇ ದೇಶದ ಕೊಚಬಾಂಬಾದ ಹಳ್ಳಿಯವಳು ನಾನು. ಎಷ್ಟು ಸಮುದ್ರ ದಾಟಿದ್ರೆ ಏನು, ತಾಯಿ ಹಾಲಿನ ಜೊತೆ ಕುಡಿದ ಮಾತು ಎಲ್ಲಿಗೆ ಹೋಗುತ್ತೆ? ನಿನ್ನೆಯಿಂದ ಕೇಳಿಸ್ಕೋತಿದೀನಿ. ಮೊದಲು ನೀನು ಗಯ್ಯಾಳಿ ಅಂದ್ಕೊಂಡೆ. ಪಾಪ, ಗಂಡನ್ನ ಉಸಿರಾಡೋಕೂ ಬಿಡಲ್ಲ ಅಂತ. ಆಮೇಲೆ ಗೊತ್ತಾಯ್ತು."

"ಬಿಸಿಲು ಜೋರಿದ್ದಾಗ ಮಾತ್ರ ತಾಯಿ. ಬಾಕಿ ಟೈಮು ಚೆನ್ನಾಗೇ..."

"ಹಿಂದೆ ನನ್ನ ಮೊಮ್ಮಗಳು ಕೂತಿದಾಳೆ."

"ನಮ್ಮ ಗಾಡಿ ಯಾವತ್ತೂ ಯಾರಿಗೂ ಏನೂ ಮಾಡಿಲ್ಲ."

"ಮಾಡಿಲ್ಲ. ಸರಿ." ಅಜ್ಜಿ ಬಟ್ಟಲು ಚಾಚಿದಳು. "ಸಂಜೆ ಉಳಿಯೋ ಜಾಗ ಸೇರಿದ ಮೇಲೆ ನೀನೇ ಪ್ರವಾಸದ ಆಫೀಸಿಗೆ ತಿಳಿಸಿ ಬೇರೆ ಗಾಡಿ ಕರೆಸು. ನಿನ್ನ ಬಾಯಲ್ಲಿ ಆಗ್ಲಿಲ್ಲ ಅಂದ್ರೆ ನನ್ನ ಬಾಯಲ್ಲಿ ಆಗುತ್ತೆ. ಹಾಕು, ಅರ್ಧ ಸೌಟು ಸಾಕು."

ಸಿಲಿಂಡರನ್ನು ಮೇಲೆ ಎತ್ತಿ ಕಟ್ಟುವಾಗ ಸೆವೆರಿನಾ ಗಂಡನಿಗೆ ಹೇಳಿದಳು. ಪ್ಲಾಸಿದೊ ಹಗ್ಗದ ಗಂಟು ಬಿಗಿಯುತ್ತಲೇ ಇದ್ದ.

"ಹಂಗಾದ್ರೆ ಬಾಯಿ ಮುಚ್ಕೊಂಡು ಕೂತ್ಕೋ," ಎಂದ.

"ಅಂದ್ರೆ?"

"ಸಂಜೆವರೆಗೆ ಒಂದು ಮಾತೂ ಬೇಡ. ಈ ದಾರಿ ನನ್ನ ಕಾಲಿಗೇ ಗೊತ್ತು. ನೀನು ಸುಮ್ನಿದ್ರೂ ಗಾಡಿ ಸರಿಯಾಗಿ ಹೋಗೋದನ್ನ ಆ ಮುದುಕಿ ನೋಡ್ಲಿ. ತಾನೇ ತಪ್ಪು ತಿಳ್ಕೊಂಡೆ ಅಂತಾಳೆ."

"ಪ್ಲಾಸಿದೊ."

"ಬೇರೆ ಏನ್ ಮಾಡೋಣ? ನೀನೇ ಹೇಳು. ಗಾಡಿ ಮಾರಿ ಆ ಗೋಡೆ ಮೆತ್ಕೊಂಡು ಕೂರೋಣ್ವಾ?"

ಸೆವೆರಿನಾ ಮುಂದಿನ ಸೀಟಿಗೆ ಹತ್ತಿ ಕೂತಳು. ಕೆನ್ನೆಗೆ ಕೋಕಾ ಎಲೆ ಒತ್ತರಿಸಿಕೊಂಡಳು, ಬಾಯಿಗೆ ಏನಾದರೂ ಕೆಲಸವಿರಲೆಂದು.

ಕೆರೆಯಿಂದ ದಕ್ಷಿಣಕ್ಕೆ ಸಿಲೋಲಿ ಬೆಂಗಾಡು. ಅಲ್ಲಿ ರಸ್ತೆ ಎಂಬುದಿಲ್ಲ. ಗಾಡಿಗಳು ಹೋದ ಜಾಡುಗಳು ಒಂದರ ಪಕ್ಕ ಒಂದು, ಬಾಚಣಿಗೆ ಎಳೆದಂತೆ. ಹುಲ್ಲು ಕೂಡ ಇಲ್ಲದ ಕಂದು ನೆಲ, ಸುತ್ತ ತುಕ್ಕಿನ ಬಣ್ಣದ ಬೆಟ್ಟಗಳು. ಪ್ಲಾಸಿದೊ ಚೆನ್ನಾಗಿಯೇ ಓಡಿಸಿದ. ಟೈರಿನ ಸದ್ದಿನಲ್ಲಿ ಮರಳು ಯಾವುದು, ಗಟ್ಟಿ ನೆಲ ಯಾವುದು ಎಂದು ತಿಳಿಯುತ್ತ, ಜಾಡಿನ ಅಂಚು ಚಕ್ರವನ್ನು ತಳ್ಳಿದಾಗ ತಾನೂ ತಿದ್ದಿಕೊಳ್ಳುತ್ತ. ಒಂದು ಬೆಟ್ಟ ದಾಟಿತು, ಇನ್ನೊಂದು ದಾಟಿತು. ಸೆವೆರಿನಾ ಅವುಗಳಿಗೆ ಏನನ್ನೂ ಹೇಳಲಿಲ್ಲ. ಹಿಂದಿನಿಂದ ಅಜ್ಜಿಯ ಉಸಿರು ಅವಳ ಕತ್ತಿಗೆ ತಾಗುತ್ತಿತ್ತು. ಆ ಉಸಿರು ಮೆಲ್ಲನೆ ಸಡಿಲವಾಗುತ್ತಿರುವುದೂ ಅವಳಿಗೆ ತಿಳಿಯುತ್ತಿತ್ತು. ಪ್ಲಾಸಿದೊನ ತುಟಿಯಲ್ಲಿ ಸಣ್ಣ ನಗುವಿತ್ತು. ನೋಡಿದೆಯಾ ಎನ್ನುವಂತೆ ಅವನು ವೇಗ ಹೆಚ್ಚಿಸಿದ.

ಆಗ ದೂರದಲ್ಲಿ ಒಂದು ಜೀಪು ನಿಂತಿರುವುದು ಅವಳಿಗೆ ಕಂಡಿತು. ಬಾನೆಟ್ ಎತ್ತಿತ್ತು.

ನಮ್ಮ ಕಡೆ ಇದಕ್ಕೆ ವಿವರಣೆ ಬೇಡ. ಆ ಎತ್ತರದಲ್ಲಿ, ಫೋನೂ ಹಕ್ಕಿಯೂ ಇಲ್ಲದ ಆ ನೆಲದಲ್ಲಿ, ಬಾನೆಟ್ ಎತ್ತಿದ ಗಾಡಿಯನ್ನು ದಾಟಿ ಹೋದ ಚಾಲಕ ಇಲ್ಲಿಯವರೆಗೆ ಹುಟ್ಟಿಲ್ಲ. ಜಗಳ ಆಡಿದವನಿರಲಿ, ಹೆಂಡತಿಯನ್ನು ಹಾರಿಸಿಕೊಂಡು ಹೋದವನಿರಲಿ, ನಿಲ್ಲಿಸಲೇಬೇಕು. ಕೆಟ್ಟ ಗಾಡಿಯವನು ಜಾಡಿನ ನಡುವೆ ಬಂದು ಎರಡೂ ಕೈ ಎತ್ತಿ ನಿಲ್ಲುತ್ತಾನೆ. ಬರುವವನು ಅವನ ಮಂಡಿಯವರೆಗೆ ಬಂದು ಬ್ರೇಕು ಒತ್ತುತ್ತಾನೆ. ಎಷ್ಟು ಹತ್ತಿರ ಬಂದು ನಿಲ್ಲಿಸಿದೆ ಎಂಬುದೇ ನಮ್ಮ ಗಂಡಸರ ಆಟ. ನಿಂತವನು ಕದಲಬಾರದು. ಕದಲಿದರೆ ವರ್ಷವಿಡೀ ನಗುತ್ತಾರೆ.

ಜಾಡಿನ ನಡುವೆ ಬಂದು ನಿಂತವನು ಎವರಿಸ್ತೊ. ಕೆಂಪು ಅಂಗಿ. ಎರಡೂ ಕೈ ಮೇಲೆ. ಅವನ ಪ್ರವಾಸಿಗರು ದೂರದ ಬಂಡೆಯ ನೆರಳಲ್ಲಿ ಕೂತಿದ್ದರು. ಬರುತ್ತಿರುವುದು ಯಾರ ಗಾಡಿ ಎಂದು ಗುರುತಿಸಿ ಅವನು ನಗುತ್ತಿದ್ದ.

ಇಷ್ಟು ದೊಡ್ಡ ಮನುಷ್ಯ, ಕಂಡಿರುತ್ತೆ, ಎಂದುಕೊಂಡಳು ಸೆವೆರಿನಾ. ಗಂಡನ ಪಾದ ನೋಡಿದಳು. ಪಾದ ಆಕ್ಸಿಲರೇಟರಿನಿಂದ ಎದ್ದಿರಲಿಲ್ಲ. ಆಟ ಆಡುತ್ತಿದ್ದಾನೆ, ಕೊನೆಗೆ ಒತ್ತುತ್ತಾನೆ. ಜಾಡು ಪಡುವಣಕ್ಕೆ ಹೊರಳಿ ಇಳಿಬಿಸಿಲು ಗಾಜಿನ ತುಂಬ ಹರಡಿತ್ತು. ಅವಳ ಕತ್ತಿನ ಹಿಂದೆ ಅಜ್ಜಿ ಮುಂದಕ್ಕೆ ಬಾಗಿದ್ದಳು. ಎವರಿಸ್ತೊ ಕದಲಲಿಲ್ಲ.

"ಕೊಂಪಾದ್ರೆ!" ಎಂದು ಅವಳು ಕೂಗಿದಳು, ಕೊನೆಯಲ್ಲಿ.

ಎಲ್ಲೋ ಪಕ್ಕದಲ್ಲಿ ಎವರಿಸ್ತೊ ದಾಟಿ ಹೋಗುತ್ತಿದ್ದಾನೆಂದು ತಿಳಿದು ಪ್ಲಾಸಿದೊ ಸ್ಟೇರಿಂಗಿನಿಂದ ಒಂದು ಕೈ ತೆಗೆದು, ನಮಸ್ಕಾರಕ್ಕೆ ಎತ್ತಿದ.

ಆಮೇಲಿನದನ್ನು ನಾನು ಹೆಚ್ಚು ಹೇಳಲಾರೆ. ಎವರಿಸ್ತೊನಿಗೆ ಜೀವವಿತ್ತು. ಸೊಂಟದಿಂದ ಕೆಳಗೆ ಏನೂ ಉಳಿದಿರಲಿಲ್ಲ. ಅವನ ಗಾಡಿ ಏಳುವಂತಿರಲಿಲ್ಲ. ಫ್ರಾನ್ಸಿನ ಹುಡುಗರಲ್ಲಿ ಒಬ್ಬ ನಾನು ಓಡಿಸುತ್ತೇನೆ ಎಂದು ಕೂತ. ಜಾಡು ತಪ್ಪಿ ಚಕ್ರಗಳನ್ನು ಮರಳಿನಲ್ಲಿ ಹೂತ. ಪ್ಲಾಸಿದೊ ಅವನನ್ನು ಇಳಿಸಿ, ಗಾಡಿಯನ್ನು ಹಿಂದೆ ಮುಂದೆ ತೂಗಿ ಮೇಲೆತ್ತಿ, ಬಂದ ದಿಕ್ಕಿಗೇ ತಿರುಗಿಸಿದ. ಆ ದಾರಿಯ ಹಳ್ಳಿಯ ಆಸ್ಪತ್ರೆ ಬಹಳ ದೂರವಿತ್ತು.

"ಹೇಳು," ಎಂದ ಹೆಂಡತಿಗೆ.

ಸೆವೆರಿನಾ ಹೇಳಿದಳು. ಗಟ್ಟಿಯಾಗಿ, ಬೆಟ್ಟಗಳಿಗೂ ಕೇಳುವಂತೆ. "ಬಲಕ್ಕೆ. ನೇರ. ನೇರ ಬಿಡು. ಹಳ್ಳ ಇದೆ, ನಿಧಾನ. ಎಡಗಡೆ ಜಾಡಿಗೆ ಹತ್ತು." ಎವರಿಸ್ತೊನ ತಲೆ ಹಿಂದಿನ ಸೀಟಿನಲ್ಲಿ ಅಮಾಲಿಯಾಳ ಮಡಿಲಿನಲ್ಲಿತ್ತು. ಬೂದು ಕೋಟು ಬಿಚ್ಚಿ ಅವನಿಗೆ ಹೊದಿಸಿದ್ದಳು. ಧೂಳಿಗೂ ಕೂಗಿಗೂ ಸೆವೆರಿನಾಳ ಗಂಟಲು ಕಟ್ಟಿದಾಗ ಹಿಂದಿನಿಂದ ಆ ಮುದಿ ದನಿ ಮುಂದುವರಿಸಿತು: "ಬಲಕ್ಕೆ ಮಗಾ. ಇನ್ನೂ ಬಲಕ್ಕೆ. ಹಾಂ."

ಎವರಿಸ್ತೊ ಎಲ್ಲವನ್ನೂ ಕೇಳಿಸಿಕೊಳ್ಳುತ್ತಿದ್ದ.

"ಕಾಣಲ್ವಾ ಕೊಂಪಾದ್ರೆ ನಿಂಗೆ?" ಎಂದ.

"ಇಲ್ಲ ಕೊಂಪಾದ್ರೆ."

"ಹೇಳಿದ್ರೆ," ಎಂದ ಎವರಿಸ್ತೊ, "ಪಕ್ಕಕ್ಕೆ ಸರೀತಿದ್ನಲ್ಲೋ."

ಹಳ್ಳಿಯ ತಗಡಿನ ಮಾಡುಗಳು ಕಾಣುವ ಮೊದಲೇ ಅಮಾಲಿಯಾ ಕೋಟನ್ನು ಅವನ ಮುಖದ ಮೇಲಕ್ಕೆ ಎಳೆದಳು. ಆದರೂ ಸೆವೆರಿನಾ ಆಸ್ಪತ್ರೆಯ ಬಾಗಿಲವರೆಗೆ ದಾರಿ ಹೇಳುತ್ತಲೇ ಹೋದಳು.

ಪ್ಲಾಸಿದೊ ಪೊಲೀಸರಿಗೆ ಏನನ್ನೂ ಮುಚ್ಚಿಡಲಿಲ್ಲ. ಕಣ್ಣು ಕಾಣುತ್ತಿರಲಿಲ್ಲ, ಗೊತ್ತಿದ್ದೇ ಓಡಿಸಿದೆ, ಎಂದ. ಒಂದೇ ಒಂದು ಸುಳ್ಳು ಸೇರಿಸಿದ: ದಾರಿ ಹೇಳುವ ಹೆಂಡತಿಗೆ ಆ ಹೊತ್ತಿಗೆ ನಿದ್ದೆ ಬಂದಿತ್ತು. ಅಮಾಲಿಯಾಳನ್ನು ಕೇಳಿದಾಗ ತಾನು ಬೆಟ್ಟ ನೋಡುತ್ತಿದ್ದೆ ಎಂದಳು. ಮರುವಾರ ದೇಶ ಬಿಟ್ಟಳು. ಪ್ಲಾಸಿದೊ ಈಗ ಪೊತೊಸಿಯ ಜೈಲಿನಲ್ಲಿದ್ದಾನೆ. ಅಲ್ಲಿ ಬಿಸಿಲು ಬೀಳುವುದಿಲ್ಲವಂತೆ, ಕಣ್ಣಿಗೆ ಹಾಯಾಗಿದೆಯಂತೆ. ನೋಡಲು ಹೋದಾಗ ಹೆಂಡತಿಗೆ ಹಾಗೆ ಹೇಳಿ ನಗಿಸಲು ನೋಡಿದ.

ಸೆವೆರಿನಾ ಮಾರುಕಟ್ಟೆಯಲ್ಲಿ ಗಂಜಿ ಮಾರುತ್ತಾಳೆ. ಬೀದಿ ಅವಳನ್ನು ದೂರಲಿಲ್ಲ. ನಿದ್ದೆ ಯಾರಿಗೆ ಬರುವುದಿಲ್ಲ, ನಸುಕಿಗೆದ್ದು ಒಲೆ ಹಚ್ಚುವ ಹೆಂಗಸು, ಎಂದರು. ಎರಡನೆಯ ಇಂಜಿನ್ನು ಆ ಒಂದು ದಿನ ಕೆಟ್ಟಿತು ಎಂದು ಯಾರೋ ಹೇಳಿದ್ದನ್ನು ಕೇಳಿ ಅವಳು ಪಾತ್ರೆ ತಿಕ್ಕುವುದನ್ನು ನಿಲ್ಲಿಸಿದಳು. ತಿರುಗಿ ನೋಡಲಿಲ್ಲ. ಮಾತು ಅವಳಿಗೆ ಕಡಿಮೆಯಾಗಿತ್ತು. ಉಪ್ಪು ಬೇಕೇ ಎಂದು ಅವಳು ಕೇಳುತ್ತಿರಲಿಲ್ಲ, ಗಿರಾಕಿಗಳು ತಾವೇ ಹಾಕಿಕೊಳ್ಳುತ್ತಿದ್ದರು.

ನವೆಂಬರಿನಲ್ಲಿ ಸತ್ತವರ ಹಬ್ಬ ಬಂತು. ಎವರಿಸ್ತೊನ ಆತ್ಮಕ್ಕೆ ಊಟ ಇಡುವ ಮೊದಲ ಮೇಜು ಅದು. ತೆಯೊದೊಸಿಯಾ ಮನೆಯಲ್ಲಿ ಕಪ್ಪು ಬಟ್ಟೆ ಹಾಸಿ, ಕೂಸಿನ ಆಕಾರದ ರೊಟ್ಟಿ, ಆತ್ಮ ಇಳಿದು ಬರಲು ಏಣಿಯ ಆಕಾರದ ರೊಟ್ಟಿ, ಕೋಕಾ ಎಲೆ, ಅವನು ಕುಡಿಯುತ್ತಿದ್ದ ಸಾರಾಯಿ ಎಲ್ಲ ಇಟ್ಟಿದ್ದಳು. ಮಧ್ಯಾಹ್ನಕ್ಕೆ ಆತ್ಮ ಬರುತ್ತದೆ. ಬಂದ ಮೇಲೆ ಮರುದಿನ ಮಧ್ಯಾಹ್ನದವರೆಗೆ ಅದು ಮನೆಯಲ್ಲೇ ಇರುತ್ತದೆ, ಎಲ್ಲ ಕೇಳುತ್ತದೆ. ಆ ಮೇಜಿನ ಮುಂದೆ ಯಾರೂ ಸುಳ್ಳಾಡುವುದಿಲ್ಲ.

ಸೆವೆರಿನಾ ಒಣಗಿಸಿದ ಲಾಮಾ ಮಾಂಸವನ್ನು ಹುರಿದು, ಬೇಯಿಸಿದ ಮೆಕ್ಕೆಜೋಳದ ಜೊತೆ ತಂದಳು. ಎವರಿಸ್ತೊನಿಗೆ ಅದು ಇಷ್ಟ. ಪ್ರಾರ್ಥನೆ ಹೇಳಿದಳು. ತೆಯೊದೊಸಿಯಾ ಪದ್ಧತಿಯಂತೆ ಅವಳ ಉಡಿಗೆ ರೊಟ್ಟಿ ಹಾಕಿದಳು. ನಾವು ನಾಲ್ಕಾರು ಹೆಂಗಸರು ಗೋಡೆಗೆ ಒರಗಿ ಕೂತಿದ್ದೆವು.

"ಕೂತ್ಕೋ ಕೊಮಾದ್ರೆ," ಎಂದಳು ತೆಯೊದೊಸಿಯಾ. "ನಿನ್ನ ಕೈಯಡುಗೆ ಅಂದ್ರೆ ಇವ್ರು ಬೇಗ ಬರ್ತಾರೆ."

ಸೆವೆರಿನಾ ಕೂತಳು. ಮೇಣದ ಬತ್ತಿ ಉರಿಯುತ್ತಿತ್ತು. ತೆಯೊದೊಸಿಯಾ ಏಣಿಯ ರೊಟ್ಟಿಯನ್ನು ನೆಟ್ಟಗೆ ಮಾಡಿದಳು, ಅದು ನೆಟ್ಟಗೇ ಇದ್ದರೂ.

"ಒಂದು ಕೇಳ್ಲಾ? ಎಲ್ರೂ ನೀನು ಮಲಗಿದ್ದೆ ಅಂತಾರೆ."

ಸೆವೆರಿನಾ ಉಡಿಗೆ ಉದುರಿದ್ದ ರೊಟ್ಟಿಯ ಪುಡಿಯನ್ನು ಹೆಕ್ಕಿದಳು.

"ನಂಗೂ ಹಂಗೇ ಇರ್ಲಿ ಅನ್ಸುತ್ತೆ. ಮಲಗಿದ್ರೆ ಮಲಗಿದ್ದೆ, ಮುಗೀತು. ಆದ್ರೆ ನೀನು ಗಾಡೀಲಿ ಮಲಗಿದ್ದನ್ನ ಇವ್ರು ಒಂದು ದಿನಾನೂ ನೋಡಿರ್ಲಿಲ್ಲ. ನಂಗೆ ಜಗಳ ಬೇಡ ಕೊಮಾದ್ರೆ. ಪೊಲೀಸು ಬೇಡ. ಕೊನೇಲಿ ಇವ್ರ ಮುಖ ಹೆಂಗಿತ್ತು ಅಂತ ಯಾರೂ ನಂಗೆ ಹೇಳಿಲ್ಲ, ಅಷ್ಟೇ. ಮಲಗಿದ್ಯಾ?"

"ಇಲ್ಲ."

ಗೋಡೆಗೆ ಒರಗಿದ್ದವರಲ್ಲಿ ಯಾರೋ ಉಸಿರೆಳೆದುಕೊಂಡರು. ತೆಯೊದೊಸಿಯಾ ತಲೆಯಾಡಿಸಿದಳು, ಬೆಲೆ ಸರಿ ಹೇಳಿದ ಅಂಗಡಿಯವನಿಗೆ ಆಡಿಸುವಂತೆ.

"ನೋಡ್ದ್ಯಾ ಇವ್ರನ್ನ?"

"ನೋಡ್ದೆ," ಎಂದಳು ಸೆವೆರಿನಾ. "ದೂರದಿಂದಾನೇ ನೋಡ್ದೆ. ಕೈ ಎತ್ತಿದ್ರು. ನಮ್ಮ ಗಾಡಿ ಅಂತ ಗೊತ್ತಾಗಿ ನಗ್ತಿದ್ರು. ಭಯ ಇರ್ಲಿಲ್ಲ ಕೊಮಾದ್ರೆ ಮುಖದಲ್ಲಿ, ಚೂರೂ ಇರ್ಲಿಲ್ಲ." ಅವಳು ಎದ್ದಳು. ಉಡಿಯ ರೊಟ್ಟಿಗಳನ್ನು ಒಂದೊಂದಾಗಿ ಮೇಜಿನ ಮೇಲೆ ವಾಪಸು ಇಟ್ಟಳು. "ಹೇಳ್ಬೇಕು ಅಂತ ನಾಲಗೆ ತುದೀಗೆ ಬಂದಿತ್ತು. ಹಿಂದೆ ಆ ಅಜ್ಜಿ ಕೇಳಿಸ್ಕೋತಿದ್ಲು, ನನ್ನ ಗಂಡ ಸಂಜೆವರೆಗೆ ಸುಮ್ನಿರು ಅಂದಿದ್ದ, ಗಾಡಿ ಉಳೀಲಿ ಅಂತ ನಂಗೂ ಆಸೆ ಇತ್ತು, ಇನ್ನೊಂದು ಚೂರು ನೋಡೋಣ, ಇನ್ನೊಂದು ಚೂರು ಹತ್ರ ಬರ್ಲಿ, ಕಾಣುತ್ತೆ, ಕಂಡೇ ಕಾಣುತ್ತೆ ಅಂತ ನಾನು..." ಎನ್ನುತ್ತಲೇ ಕಂಬಳಿಯನ್ನು ಹೆಗಲಿಗೆಳೆದುಕೊಂಡು, ಯಾರನ್ನೂ ನೋಡದೆ, ಹೊಸ್ತಿಲು ದಾಟಿ ಬಿಸಿಲಿಗೆ ಇಳಿದು ನಡೆದಳು.